ತಂತಿಬುಟ್ಟಿಯೊಳಗಿನ ಬೀಸುವ ಕಲ್ಲು

ಸಂಜೆಯ ಕಾಫಿಯನ್ನು ಮನೆಯೊಳಗೆ ಕುಡಿದರೆ ಅದು ಬರೀ ಕಾಫಿ. ಹೊರಗೆ ನೆರಳಿನಲ್ಲಿ ಕುಳಿತು, ಹೋಗಿಬರುವವರನ್ನು ನೋಡುತ್ತ ಕುಡಿದರೆ ಅದಕ್ಕೊಂದು ಘನತೆ ಬರುತ್ತದೆಂಬುದು ನನ್ನ ಬಹುಕಾಲದ ನಂಬಿಕೆ. ಹಲಸೂರಿನ ವಠಾರ ಬಿಟ್ಟು ಹೊರಮಾವಿನಲ್ಲಿ ಮನೆ ಕಟ್ಟಿಕೊಂಡಾಗ ನಾನು ಹಂಬಲಿಸಿದ್ದು ಅಂಥದೊಂದು ಚಾವಡಿಗೆ. ಘಟ್ಟದ ರಸ್ತೆಗಳಲ್ಲಿ ಗುಡ್ಡ ಜರಿಯದಂತೆ ತಂತಿಬುಟ್ಟಿಗಳಿಗೆ ಕಲ್ಲು ತುಂಬಿ ಒಟ್ಟಿರುತ್ತಾರಲ್ಲ, ನೀವೂ ನೋಡಿರುತ್ತೀರಿ. ಅವನ್ನೇ ಮೂರು ಕಡೆ ಗೋಡೆಯಾಗಿ ನಿಲ್ಲಿಸಿ, ಮೇಲೆ ಕಂಬವೂರಿ ಹೆಂಚು ಹೊದಿಸುವುದೆಂದು ನಿಶ್ಚಯಿಸಿದೆ. ಅಂಗಳದಲ್ಲಿ ಖಾಲಿ ಬುಟ್ಟಿಗಳು ಸಾಲಾಗಿ ನಿಂತಾಗ ಬೀದಿಯವರೆಲ್ಲ ನಾನು ಕೋಳಿ ಸಾಕುತ್ತೇನೆಂದೇ ತಿಳಿದರು. ಒಬ್ಬರಂತೂ ನಾಟಿ ಮೊಟ್ಟೆಗೆ ಹೇಳಿಟ್ಟೇ ಹೋದರು.

ಕಲ್ಲು ಕೊಟ್ಟವನು ಪಕ್ಕದ ಮನೆಯ ನಾಗರಾಜ. ಹೊರಮಾವು ಹಳ್ಳಿಯಾಗಿದ್ದ ಕಾಲದ ಒಕ್ಕಲು ಮನೆತನ ಅವರದು. ಹೊಲವೆಲ್ಲ ಸೈಟುಗಳಾದ ಮೇಲೆ ಹಳೆಯ ಮನೆಯನ್ನೂ ಕೆಡವಿ, ಬಾಡಿಗೆಗೆಂದು ಮನೆಗಳನ್ನು ಕಟ್ಟಿಸಿದ್ದ. “ಪಾಯದ ಕಲ್ಲು ಸುಮ್ನೆ ಬಿದ್ದೈತೆ ಸಾರ್” ಎಂದು ತಾನೇ ಟ್ರ್ಯಾಕ್ಟರಿನಲ್ಲಿ ತಂದು ಸುರಿದ. ಅಂದವಾದವನ್ನು ಹೊರಮೈಗೆ, ಅಂಕುಡೊಂಕಾದವನ್ನು ಒಳಕ್ಕೆ ಜೋಡಿಸುವ ಆ ಸುಖವೇ ಸುಖ. ನಾವು ಮನುಷ್ಯರು ನಮ್ಮನ್ನು ಜೋಡಿಸಿಕೊಳ್ಳುವುದೂ ಹಾಗೆಯೇ ತಾನೆ? ರಾಶಿಯಲ್ಲಿ ಬೀಸುವ ಕಲ್ಲಿನ ಮೇಲ್ಭಾಗವೊಂದು ಸಿಕ್ಕಿತು. ಮಿಕ್ಸಿ ಬಂದ ಮೇಲೆ ಇದು ಯಾರಿಗೆ ಬೇಕೆಂದುಕೊಂಡು, ಅದನ್ನು ಮುಂದಿನ ಬುಟ್ಟಿಯಲ್ಲಿ ಎದ್ದು ಕಾಣುವಂತೆ ಕೂರಿಸಿದೆ.

ಹೆಂಚು ಹೊದಿಸಿದ ಮರುದಿನ ನಾಗರಾಜನ ತಾಯಿ ಮುನಿಯಮ್ಮನವರು ಚಾವಡಿ ನೋಡಲು ಬಂದು, ಆ ಬುಟ್ಟಿಯೆದುರು ನಿಂತುಬಿಟ್ಟರು.

“ಅಯ್ಯೋ, ನಮ್ಮತ್ತೆ ಕಲ್ಲು! ಮನೆಯೆಲ್ಲಾ ಹುಡುಕ್ತಾ ಇವ್ನಿ. ಇದಿಲ್ದೆ ಮೊಮ್ಮಗಳ ಮದ್ವೆ ಶಾಸ್ತ್ರ ಹೆಂಗ್ ಮಾಡ್ಲಿ ಸ್ವಾಮಿ?”

ಆ ಮನೆಯ ಹೆಣ್ಣುಮಕ್ಕಳೆಲ್ಲ ಮದುವೆಗೆ ಮುಂಚೆ ಅರಿಶಿನ ಹಚ್ಚಿ ಪೂಜಿಸಿದ ಕಲ್ಲಂತೆ ಅದು. ಆಕೆಯ ಕಣ್ಣು ತುಂಬಿಬಂದಿತ್ತು. ಕಲ್ಲು ತೆಗೆಯಬೇಕಾದರೆ ಬುಟ್ಟಿ ಬಿಚ್ಚಬೇಕು. ಕಂಬ ನಿಂತದ್ದು ಅದರ ಮೇಲೆಯೇ.

“ನಾಳೆನೇ ಬಿಚ್ಚಿಸ್ತೀನಮ್ಮ, ಚಾವಡಿ ಹೋದ್ರೆ ಹೋಗ್ಲಿ” ಎಂದೆ. ಹೇಳುವಾಗ ಸಂಕಟವಾಗಲಿಲ್ಲವೆಂದರೆ ನೀವು ನಂಬಬೇಡಿ.

ಮುನಿಯಮ್ಮ ಸೆರಗಿನಿಂದ ಕಣ್ಣೊರೆಸಿಕೊಂಡು ಚಾವಡಿಯನ್ನೊಮ್ಮೆ ಅಳೆದು ನೋಡಿದರು. ಬಾಡಿಗೆದಾರರ ಸ್ಕೂಟರುಗಳು ತುಂಬಿದ್ದ ತಮ್ಮ ಮನೆಯ ಮುಂಭಾಗವನ್ನೂ ನೋಡಿದರು.

“ಬ್ಯಾಡ ಬುಡಿ. ನಮ್ಮನೇಲಿ ಹೆಂಗಸ್ರು ಕುಂತ್ಕೊಳಾಕೆ ಜಾಗಾನೇ ಇಲ್ಲ. ಇಲ್ಲೇ ಮಾಡ್ಕೊಂತೀವಿ.”

ಶಾಸ್ತ್ರದ ದಿನ ಚಾವಡಿಯ ತುಂಬ ಹೆಂಗಸರು. ಮನೆಯಲ್ಲುಳಿದಿದ್ದ ಕೆಳಗಲ್ಲನ್ನು ತಂದು ಬುಟ್ಟಿಯೆದುರಿಗಿಟ್ಟರು. ತಂತಿಯ ಸಂದಿನಲ್ಲಿ ಬೆರಳು ತೂರಿಸಿ ಮೇಲ್ಗಲ್ಲಿಗೆ ಅರಿಶಿನ ಕುಂಕುಮ ಹಚ್ಚಿ, ತಂತಿಗೇ ಅರಿಶಿನದ ಕೊಂಬು ಕಟ್ಟಿದರು. ಬೀಸುವ ಸರದಿ ಬಂದಾಗ ಒಬ್ಬೊಬ್ಬರೂ ಬರಿಗೈಯನ್ನು ಗಾಳಿಯಲ್ಲಿ ತಿರುಗಿಸಿ ಹಾಡಿದರು. ಮದುಮಗಳಿಗೆ ನಗು ತಡೆಯಲಾಗಲಿಲ್ಲ. ನೆರಳಿಗೆಂದು ಕಟ್ಟಿದ್ದು ಇಷ್ಟು ಜನಕ್ಕೆ ಮನೆಯಾದದ್ದು ಕಂಡು ನನಗೆ ಹೇಳಲಾರದಷ್ಟು ಸಂತೋಷವಾಯಿತು.

ಎಲ್ಲರೂ ಹೊರಟ ಮೇಲೆ, “ಮದ್ವೆ ಮುಗೀಲಿ, ಕಲ್ಲು ತೆಗೆಸಿ ಕೊಡ್ತೀನಮ್ಮ” ಎಂದೆ.

“ತೆಗೆದೀರಾ, ಹುಷಾರು!” ಎಂದು ಮುನಿಯಮ್ಮ ಗದರಿದರು. “ಇನ್ನೂ ಇಬ್ರು ಮೊಮ್ಮಕ್ಳವ್ರೆ ನಂಗೆ.”