ಗಂಗವ್ವನ ಮೈಕಿನಲ್ಲಿ ಕೇಳಿದ ದನಿ

ದೆವ್ವ, ಗಾಳಿ ಎಂದರೆ ನಕ್ಕುಬಿಡುವವನು ನಾನು. ಸತ್ತವರ ದನಿ ಕೇಳಿಸಿತು ಎಂದು ಯಾರಾದರೂ ಹೇಳಿದರೆ, ಮೊದಲು ಕಿವಿ ತೋರಿಸಿಕೊಂಡು ಬನ್ನಿ ಎಂದು ಕಾಲೆಳೆಯುತ್ತಿದ್ದೆ. ಈಗ ಹಾಗೆ ಮಾಡುವುದಿಲ್ಲ. ಏಕೆಂದು ಹೇಳುತ್ತೇನೆ, ನಂಬುವುದು ನಿಮಗೆ ಬಿಟ್ಟದ್ದು.

ಕೆಲವು ವರ್ಷಗಳ ಹಿಂದೆ, ಯುದ್ಧದಲ್ಲಿ ಮಕ್ಕಳನ್ನು ಕಳೆದುಕೊಂಡ ಮನೆಗಳ ಬಗ್ಗೆ ಸಾಕ್ಷ್ಯಚಿತ್ರ ಮಾಡಲು ಗಜೇಂದ್ರಗಡದ ಕಡೆ ಹೋಗಿದ್ದೆ. ಮುಶಿಗೇರಿಯಲ್ಲಿ ಗಂಗವ್ವ ಸಿಕ್ಕರು. ಅವರ ಮಗ ಈರಣ್ಣ ಗಡಿಯ ಕಾಳಗದಲ್ಲಿ ತೀರಿಕೊಂಡಿದ್ದ. ಸಾವಾದ ಮನೆಯಲ್ಲಿ ಒಲೆ ಹೊತ್ತಿಸುವುದಿಲ್ಲವಲ್ಲ. ಸುತ್ತಲಿನ ಯಾವ ಊರಿಗೆ ಸೈನಿಕನ ಸಾವಿನ ಸುದ್ದಿ ಬಂದರೂ ಗಂಗವ್ವ ರೊಟ್ಟಿಯ ಬುತ್ತಿ ಕಟ್ಟಿಕೊಂಡು ಬಸ್ಸು ಹತ್ತುತ್ತಿದ್ದರು. ಗುರುತು ಪರಿಚಯ ಬೇಕಿರಲಿಲ್ಲ. ಗಂಡನನ್ನು ಕಳೆದುಕೊಂಡ ಲಕ್ಕಲಕಟ್ಟಿಯ ಹೆಣ್ಣುಮಗಳೊಬ್ಬಳು, "ಅವ್ವಾರು ತುತ್ತು ಮಾಡಿ ಬಾಯಾಗ ಇಟ್ರರಿ, ಇಲ್ಲಂದ್ರ ನಾ ಉಳೀತಿದ್ದಿಲ್ಲ" ಎಂದಳು. ಅಂಥ ಗಟ್ಟಿ ಜೀವವನ್ನು ನಾನು ಇನ್ನೊಂದು ಕಂಡಿಲ್ಲ.

ಆದರೆ ಕ್ಯಾಮೆರಾ ಮುಂದೆ ಅವರು ತಮ್ಮ ಮಗನ ಮಾತೆತ್ತಲಿಲ್ಲ. ಬೇರೆಯವರ ಮಕ್ಕಳ ಬಗ್ಗೆಯೇ ಹೇಳಿದರು. ಮಧ್ಯಾಹ್ನ ಊಟಕ್ಕೆ ಎದ್ದಾಗ ಅವರ ಸೀರೆಗೆ ಸಿಕ್ಕಿಸಿದ್ದ ತಂತಿಯಿಲ್ಲದ ಪುಟ್ಟ ಮೈಕು ಬಿಚ್ಚಲು ಮರೆತೆ. ಪಡಸಾಲೆಯಲ್ಲಿದ್ದ ರೆಕಾರ್ಡರನ್ನೂ ನಿಲ್ಲಿಸಿರಲಿಲ್ಲ. ನಮ್ಮ ಕಸುಬಿನವರೆಲ್ಲ ಒಂದಲ್ಲ ಒಂದು ದಿನ ಮಾಡುವ ತಪ್ಪು ಇದು.

ಸಂಜೆ ಲಾಡ್ಜಿನಲ್ಲಿ ಕೇಳುವಾಗ ಗೊತ್ತಾಯಿತು. ಗಂಗವ್ವ ಹಿತ್ತಲಲ್ಲಿ ಹೆಸರುಕಾಳು ಹಸನು ಮಾಡುತ್ತ ಮಗನಿಗೆ ದಿನದ ಸುದ್ದಿ ಹೇಳುತ್ತಿದ್ದರು: "ಈರಣ್ಣಾ, ಸಿನಿಮಾದವ್ರು ಬಂದಾರ. ಎಮ್ಮಿ ಈದೈತಿ, ಹೆಣ್ಣು ಕರ." ಒಂದೊಂದು ಮಾತಿಗೂ, ಕತೆ ಕೇಳುವವರು ಹೂಂಗುಡುವಂತೆ, ಗಂಡಸಿನ ದನಿಯೊಂದು "ಹೂಂ" ಎನ್ನುತ್ತಿತ್ತು. ಹಿಂದಕ್ಕೆ ತಿರುಗಿಸಿ ಮತ್ತೆ ಕೇಳಿದೆ. ಆ ಹೊತ್ತಿಗೆ ಮನೆಯಲ್ಲಿದ್ದದ್ದು ಅವರೂ ಅವರ ಮಗಳೂ ಮಾತ್ರ; ಚಿತ್ರತಂಡದ ನಾವು ಮೂವರೂ ದೂರದ ಗುಡಿಯ ನೆರಳಲ್ಲಿ ಉಣ್ಣುತ್ತಿದ್ದೆವು. ಬೇರೆ ಯಾವುದೋ ದನಿ ಬೆರೆತಿರಬೇಕು ಎಂದ, ಸೌಂಡ್ ನೋಡಿಕೊಳ್ಳುವ ಗೆಳೆಯ. ಹಾಗೆ ಬೆರೆತದ್ದು ಇವರ ಮಾತು ಮುಗಿಯುವತನಕ ಕಾಯುತ್ತದೆಯೆ?

ನನ್ನ ಚಿತ್ರಕ್ಕೆ ಇದಕ್ಕಿಂತ ದೊಡ್ಡದು ಸಿಗುತ್ತಿರಲಿಲ್ಲ. ಆಸೆಯಾಯಿತು, ಒಪ್ಪಿಕೊಳ್ಳುತ್ತೇನೆ. ಆದರೂ ಅವರ ಒಪ್ಪಿಗೆಯಿಲ್ಲದೆ ಬಳಸಲು ಮನಸ್ಸು ಬರಲಿಲ್ಲ. ಮರುದಿನ ಬೆಳಿಗ್ಗೆ ಹೋಗಿ, ನಡೆದದ್ದನ್ನು ಹೇಳಿ, ಹೆಡ್‌ಫೋನು ಅವರ ಕಿವಿಗಿಟ್ಟೆ. ಗಂಗವ್ವ ಕಣ್ಣು ಮುಚ್ಚಿ ಪೂರ್ತಿ ಕೇಳಿದರು.

"ನನಗಷ್ಟ ಕೇಳಸ್ತೈತಿ ಅನ್ಕೊಂಡಿದ್ದೆ" ಎಂದರು.

ಆಮೇಲೆ ನನ್ನ ಕೈ ಹಿಡಿದುಕೊಂಡರು. "ಅಳಿಸಿಬಿಡು ತಮ್ಮಾ. ಅಂವ ಮೊದಲಿಂದ್ಲೂ ಮಂದ್ಯಾಗ ಮಾತಾಡಾಂವಲ್ಲ. ನಾಕು ಮಂದಿ ಕೇಳಾಕ ಹತ್ತಿದ್ರ ಸುಮ್ಮನಾಗಿಬಿಡ್ತಾನ."

ಅವರೆದುರೇ ಅಳಿಸಿದೆ. ನಕಲು ಇಟ್ಟುಕೊಳ್ಳಲಿಲ್ಲ. ಆ ದನಿ ಯಾರದೆಂದು ನನಗೆ ಇವತ್ತಿಗೂ ತಿಳಿಯದು. ನಂಬಿದೆ ಎನ್ನಲಾರೆ, ಇಲ್ಲ ಎನ್ನುವ ಧೈರ್ಯವೂ ಇಲ್ಲ. ಈಗಲೂ ಆ ಕಡೆ ಹೋದಾಗ ಅವರ ಮನೆಗೆ ಹೋಗುತ್ತೇನೆ. ಮಧ್ಯಾಹ್ನ ಗಂಗವ್ವ ಹಿತ್ತಲಿಗೆ ಹೊರಟರೆಂದರೆ, ನಾನು ಎದ್ದು ಬೀದಿಗೆ ಹೋಗಿ ನಿಲ್ಲುತ್ತೇನೆ.