ಬಿಸಿಲಿಗೆ ಅಡ್ಡ ನಿಂತ ಗುರುದೇವಿ

ಬೆಳಗಿನ ಏಳು ಗಂಟೆ. ಉತ್ತರ ಲಂಡನ್ನಿನ ಹಳೆಯ ಬಂಗಲೆಯೊಂದರ ಚಿತ್ರಶಾಲೆ ಇನ್ನೂ ಕತ್ತಲಲ್ಲಿದೆ. ಗುರುದೇವಿ ಕಿಟಕಿಯ ಮರದ ಬಾಗಿಲನ್ನು ಗೇಣಷ್ಟೇ ಸರಿಸುತ್ತಾರೆ. ಮಂಜಿನಂಥ ಬೆಳಕು ನೆಲದ ಮೇಲೆ ಹರಿದು ಎದುರಿನ ಗೋಡೆ ಏರುತ್ತದೆ. ಮೊದಲು ಓಕ್ ಮರವೊಂದು ಕಾಣುತ್ತದೆ, ಆಮೇಲೆ ದೂರದ ಹೊಳೆ, ಕೊನೆಗೆ ಮರದಡಿಯ ಗಂಡ ಹೆಂಡತಿ. ಆತ ಟೊಪ್ಪಿಗೆಯನ್ನು ಕಂಕುಳಲ್ಲಿಟ್ಟು ನಿಂತಿದ್ದಾನೆ. ನೀಲಿ ರೇಷ್ಮೆಯುಟ್ಟ ಆಕೆ ಕುಳಿತಿದ್ದಾಳೆ. ಇನ್ನೂರೈವತ್ತು ವರ್ಷದ ಹಿಂದಿನ ಚಿತ್ರದ ಈ ಜೋಡಿಯ ಹೆಸರು ಯಾರಿಗೂ ಗೊತ್ತಿಲ್ಲ.

"ಎದ್ರೇನ್ರಿ?" ಎಂದು ಗುರುದೇವಿ ಚಿತ್ರವನ್ನು ಕೇಳುತ್ತಾರೆ. ಮಾತಾಡಿಸಲು ಬಂದ ನನ್ನತ್ತ ತಿರುಗಿ ನಗುತ್ತಾರೆ. "ದಿನಾ ಕೇಳ್ತೀನ್ರಿ. ಮಗಳು ನೇತ್ರಾ, ‘ಮಮ್ಮೀ, ದಟ್ಸ್ ವಿಯರ್ಡ್’ ಅಂತಾಳ."

ಧಾರವಾಡದ ಗುರುದೇವಿ ಮದುವೆಯಾಗಿ ಲಂಡನ್ನಿನ ಕಿಂಗ್ಸ್‌ಬರಿಗೆ ಬಂದವರು. ಪತಿ ಕಲ್ಲಯ್ಯ ಪಾರ್ಕ್ ರಾಯಲ್‌ನ ಬ್ರೆಡ್ ಕಾರ್ಖಾನೆಯಲ್ಲಿದ್ದಾರೆ. ಇವರದು ಹದಿಮೂರು ವರ್ಷಗಳಿಂದ ಈ ಚಿತ್ರಶಾಲೆಯಲ್ಲಿ ಕಾವಲಿನ ಕೆಲಸ. ಹತ್ತೊಂಬತ್ತು ಕಿಟಕಿಗಳು, ದಿನಕ್ಕೆ ನಾಲ್ಕು ಸಲ ಬೆಳಕಿನ ಅಳತೆ. ಅಂಗೈಯಗಲದ ಮೀಟರನ್ನು ಚಿತ್ರದ ಪಕ್ಕ ಹಿಡಿಯುತ್ತಾರೆ. ಅಂಕಿ ಇನ್ನೂರು ದಾಟಿದರೆ ಪರದೆ ಇಳಿಸುತ್ತಾರೆ. ಕಾಲು ಬಾತರೂ ಎಂಟು ಗಂಟೆ ನಿಂತೇ ಇರಬೇಕು.

ಕಳೆದ ವರ್ಷ, 2003ರ ಆಗಸ್ಟ್‌ನಲ್ಲಿ, ಲಂಡನ್ ಕಾದ ಹಂಚಿನಂತಾಗಿತ್ತು. ಅದೇ ವಾರ ನೀಲಿ ಉಡುಪಿನ ಬಣ್ಣ ಅಲ್ಲಲ್ಲಿ ಹೊಪ್ಪಳಿಕೆ ಎದ್ದಿತ್ತು. ದುರಸ್ತಿಯವರು ತೆಳು ಕಾಗದ ಅಂಟಿಸಿ, ಬಿಸಿ ತಾಗಿದರೆ ಉದುರುತ್ತದೆಂದು ಎಚ್ಚರಿಸಿ ಹೋಗಿದ್ದರು. ಒಂದು ಮಧ್ಯಾಹ್ನ ಪರದೆಯ ಹಗ್ಗ ತುಂಡಾಗಿ, ಪರದೆ ಕಳಚಿ ಬಿತ್ತು; ಅದರ ಕೋಲು ಸಿಕ್ಕಿಕೊಂಡು ಮರದ ಬಾಗಿಲೂ ಮುಚ್ಚದಾಯಿತು. ಬಿಸಿಲು ನೇರ ಚಿತ್ರದ ಮೇಲೆ. ಜೊತೆಯವರು ಊಟಕ್ಕೆ ಹೋಗಿದ್ದರು. ಜನರಿರುವಾಗ ಕೋಣೆ ಬಿಟ್ಟು ಹೋಗುವಂತಿಲ್ಲ. ಗುರುದೇವಿ ಮೂಲೆಯ ಕುರ್ಚಿಗೆ ಹೊದಿಸಿದ್ದ ಬಿಳಿ ಬಟ್ಟೆಯನ್ನು ಎಳೆದುಕೊಂಡು, ಎರಡೂ ಕೈಯಿಂದ ಬೆನ್ನ ಹಿಂದೆ ಎತ್ತಿ ಹರಡಿ, ಚಿತ್ರಕ್ಕೆ ಮುಖ ಮಾಡಿ ನಿಂತರು.

"ಬೆನ್ನು ಸುಡತಿತ್ತು. ಕಣ್ಣ ಮುಂದ ಆ ಹೊಳಿ. ನೋಡ್ತಾ ನೋಡ್ತಾ ನಾನೂ ಆ ಗಿಡದ ನೆಳ್ಳಾಗ ಹೋಗಿಬಿಟ್ಟೆ ಅನಸ್ತು. ತಂಪ್ ಗಾಳಿ ಬೀಸಿಧಂಗಾತ್ರಿ, ಖರೇನ."

ಬಟ್ಟೆ ಕೆಳಗಿಳಿಯತೊಡಗಿದಾಗ, ಚಿತ್ರ ನೋಡಲು ಬಂದಿದ್ದ ಮುದುಕ ದಂಪತಿ ಬಂದು ಬಟ್ಟೆಯ ಒಂದೊಂದು ತುದಿ ಹಿಡಿದರು. ಮೂವರೂ ನಲವತ್ತು ನಿಮಿಷ ಹಾಗೆಯೇ ನಿಂತರು. ಆಮೇಲೆ ಸಿಬ್ಬಂದಿ ಬಂದು ಕೋಲು ಬಿಡಿಸಿ ಕಿಟಕಿ ಮುಚ್ಚಿದರು. ಪರೀಕ್ಷಿಸಿದಾಗ ಬಣ್ಣದ ಒಂದು ಚೂರೂ ಉದುರಿರಲಿಲ್ಲ. ವರದಿಯಲ್ಲಿ ಇದ್ದದ್ದು ಒಂದೇ ಸಾಲು: "ಪರದೆ ಬದಲಿಸಲಾಗಿದೆ."

ಬೇಸರವಾಗಲಿಲ್ಲವೇ ಎಂದರೆ, "ಯಾಕ್ರಿ? ನೀಲಿ ಉಳೀತಲ್ಲ," ಎನ್ನುತ್ತಾರೆ.

ಮತ್ತೇನಾದರೂ ಆಸೆ? ಕೋಣೆಯ ನಡುವಿನ ಬೆಂಚನ್ನು ತೋರಿಸುತ್ತಾರೆ.

"ರಿಟೈರ್ ಆದಮ್ಯಾಲೆ ನಮ್ಮ ಮನಿಯವರನ್ನ ಕರಕೊಂಡು ಬರಬೇಕ್ರಿ, ಯುನಿಫಾರ್ಮ್ ಇಲ್ಲದ. ಇಬ್ರೂ ಇದರ ಮ್ಯಾಲೆ ಕುಂತು ನೋಡಬೇಕು. ಇಷ್ಟು ವರ್ಷದಾಗ ನಾ ಒಮ್ಮಿನೂ ಇಲ್ಲಿ ಕುಂತಿಲ್ಲ."