ರೊಟ್ಟಿಗೆ ತಾಳ ಹಾಕಿದವರು

ನಮ್ಮ ಮನೆಯವರಿಗೆ ಒಂದು ಕಪ್ ಚಹಾ ಮಾಡಲೂ ಬರುವುದಿಲ್ಲ. ಆದರೆ ನಮ್ಮ ಸಂಸಾರ ನಡೆಯುತ್ತಿರುವುದೇ ಅವರ ಅಡುಗೆಯಿಂದ!

ಗಾಬರಿಯಾಗಬೇಡಿ. ಅವರು ಸಂಗೀತ ನಿರ್ದೇಶಕರು. ಸಿನಿಮಾಕ್ಕಲ್ಲ, ಊಟ-ತಿಂಡಿಯ ಡಾಕ್ಯುಮೆಂಟರಿಗಳಿಗೆ. ಬೆಲ್ಲ ಕುದಿಯುವಾಗ ಸಿತಾರ್, ಒಗ್ಗರಣೆ ಸಿಡಿಯುವಾಗ ಘಟಂ, ಹೋಳಿಗೆ ಉಬ್ಬುವಾಗ ಕೊಳಲು. (ಹೋಳಿಗೆ ಕೊಳಲು ಕೇಳಿ ಉಬ್ಬುವುದಿಲ್ಲ ಎಂದು ಅವರಿಗೆ ಹೇಳುವವರು ಯಾರು?) ನಿಪ್ಪಾಣಿಯ ನಮ್ಮ ಮನೆಯ ಒಂದು ಕೋಣೆಯೇ ಅವರ ಸ್ಟುಡಿಯೋ.

ಈ ಸಲದ ವಿಷಯ ಜೋಳದ ರೊಟ್ಟಿ. ಶೂಟಿಂಗ್ ನಡೆದದ್ದು ಹತ್ತಿರದ ಹಳ್ಳಿ ಭೋಜದಲ್ಲಿ, ನಮ್ಮ ಅತ್ತೆಯ ಅಡುಗೆಮನೆಯಲ್ಲಿ. ಒಳಗೆ ಅತ್ತೆ ರೊಟ್ಟಿ ಬಡಿಯುತ್ತಿದ್ದರೆ, ಹೊರಗೆ ಕಬ್ಬಿನ ಟ್ರ್ಯಾಕ್ಟರುಗಳು ಮರಾಠಿ ಹಾಡು ಹಾಕಿಕೊಂಡು ಹೋಗುತ್ತಲೇ ಇದ್ದವು. ಸೌಂಡ್ ಪೂರ್ತಿ ಕೆಟ್ಟಿತು. ಇವರು ಬಿಡಬೇಕಲ್ಲ? ತಬಲಾದವರನ್ನು ಕರೆಸಿ, ಅವರಿಂದ ಮರದ ಹಲಗೆ ಬಡಿಸಿ, ರೊಟ್ಟಿಯ ಸಪ್ಪಳವನ್ನೇ ಹೊಸದಾಗಿ ಕಂಪೋಸ್ ಮಾಡಿದರು. ಎಂಟು ಮಾತ್ರೆಯ ತಾಳ, ಪಕ್ಕಾ ಲಯ.

ಮಗನ ಸಂಗೀತವನ್ನು ಅತ್ತೆ ಒಮ್ಮೆಯೂ ಚಲೋ ಎಂದವರಲ್ಲ. ಈ ಸಲ ಅನ್ನಿಸಿಯೇ ತೀರಬೇಕೆಂದು ಇವರಿಗೆ ಹಟ. ರವಿವಾರ ಲ್ಯಾಪ್‌ಟಾಪ್ ಹಿಡಿದು ಭೋಜಕ್ಕೆ ಹೋದೆವು. ಐವತ್ತು ದಾಟಿದ ಗಂಡಸು, ಚಿತ್ರ ಹಚ್ಚಿ, ರಿಸಲ್ಟ್ ಕಾಯುವ ಹುಡುಗನಂತೆ ಅವ್ವನ ಮುಂದೆ ಕೂತರು.

“ಯಾವಾಕಿನೋ ಇಕಿ, ರೊಟ್ಟಿ ಬಡ್ಯಾಕಿ?” ಎಂದರು ಅತ್ತೆ.

“ಅವ್ವಾ, ಅದು ನೀನ!”

“ಮಾರಿ ನಂದೈತಿ, ಕೈ ನಂದಲ್ಲ. ಹಿಟ್ಟ ಉದುರ್ಸಾಕ ನಿಂದ್ರೂದ ಇಲ್ಲಲ್ಲೋ ಇಕಿ? ರೊಟ್ಟಿ ಅಂಟ್ಕೋತೈತಿ. ತೆಳ್ಳಗಾದಂಗ ಸಪ್ಪಳಾನೂ ಹಗುರ ಆಗ್ಬೇಕು. ಇದು ಮೊದಲಿಂದ ಕಡೀತನಾ ಒಂದ ಥರಾ ಐತಿ.”

“ಅದು ಮ್ಯೂಸಿಕ್ ಅವ್ವಾ...”

“ಏನರ ಇರ್ಲಿ. ಬಾ, ಕುಂದರ್ ಇಲ್ಲೆ.”

ಮಗನನ್ನು ಒಲೆಯ ಮುಂದೆ ಕೂಡಿಸಿಯೇ ಬಿಟ್ಟರು. ಮೊದಲ ರೊಟ್ಟಿ ಮೂರು ತುಂಡಾಯಿತು. ಎರಡನೆಯದು ಬಡಿಯುವ ತಟ್ಟೆ, ಅಂದರೆ ಪರಾತ, ಬಿಟ್ಟು ಏಳಲೇ ಇಲ್ಲ. (ಎರಡನ್ನೂ ಎಮ್ಮೆ ತಿಂದಿತು, ತಕರಾರಿಲ್ಲದೆ.) ಐದನೆಯದಕ್ಕೆ ಕೈ ತಾನಾಗಿಯೇ ನಿಂತು ಹಿಟ್ಟು ಉದುರಿಸಿತು, ಅಂಚಿಗೆ ಬಂದಾಗ ಸಪ್ಪಳ ಹಗುರವಾಯಿತು. ಪಕ್ಕದಲ್ಲಿ ಲ್ಯಾಪ್‌ಟಾಪಿನ ಮೈಕ್ ಆನ್ ಇತ್ತು.

ಅತ್ತೆ ಕಣ್ಣು ಮುಚ್ಚಿ ಕೇಳಿದರು. “ಹಾಂ, ಈಗ ಚಲೋ ಬಂತ್ ನೋಡ್, ತಮ್ಮಾ.”

ಇವರ ಕಣ್ಣು ತುಂಬಿಬಂತು. ಸುಳ್ಳೇಕೆ, ನನ್ನದೂ.

ನಿಪ್ಪಾಣಿ ಮುಟ್ಟುವತನಕ ಕಾರಿನಲ್ಲಿ ಅದೇ ಮಾತು. “ರೊಟ್ಟಿ ಸಪ್ಪಳದಾಗ ಎಂಥಾ ಲಯ ಐತಿ! ಇಷ್ಟ್ ವರ್ಷ ನನ್ನ ಕಿವಿಗೆ ಬೀಳಲೇ ಇಲ್ಲ ನೋಡು.”

ಬೀಳಲಿಲ್ಲವೇ? ಹದಿನೆಂಟು ವರ್ಷ ಗೋಡೆಯಾಚೆ ನಾನು ರೊಟ್ಟಿ ಬಡಿಯಲು ಕೂತಾಗಲೆಲ್ಲ, “ಸಪ್ಪಳಾ ಮಾಡಬ್ಯಾಡ, ರೆಕಾರ್ಡಿಂಗ್ ನಡದೈತಿ” ಎಂದು ಬಾಗಿಲು ಹಾಕಿಕೊಂಡವರು ಯಾರು?